ಅನ್‌ನೋನ್ ಬ್ಯಾಕ್ಟೀರಿಯಾ ಗುರುತಿಸುವುದು ಹೇಗೆ? ಮೊದಲ ಪ್ಲೇಟ್‌ನಿಂದ ಕೊನೆಯ ಹೆಸರಿನವರೆಗೆ

ಪ್ರಾಕ್ಟಿಕಲ್‌ನಲ್ಲಿ ಹೆಸರು ಹೇಳದೆ ಒಂದು ಬ್ಯಾಕ್ಟೀರಿಯಾ ಕೊಡುತ್ತಾರೆ, ಟ್ಯೂಬ್ ಮೇಲೆ ‘ಅನ್‌ನೋನ್ 7’ ಅಂತ ಬರೆದಿರುತ್ತದೆ. ಒಂದು ವಾರ ಟೈಮ್. ವಾರದ ಕೊನೆಗೆ ರೆಕಾರ್ಡ್‌ನಲ್ಲಿ ಒಂದು ಹೆಸರು ಬರೆಯಬೇಕು. ಬಿಎಸ್ಸಿ, ಎಂಎಸ್ಸಿ, ಡಿಎಂಎಲ್‌ಟಿ ಮಕ್ಕಳು ಪ್ರತಿ ವರ್ಷ ಇಲ್ಲೇ ಎಡವುತ್ತಾರೆ. ಎಡವಿದವರ ರೆಕಾರ್ಡ್ ತೆಗೆದು ನೋಡಿದರೆ ಬಯೋಕೆಮಿಕಲ್ ಟೇಬಲ್ ಚೆನ್ನಾಗೇ ತುಂಬಿರುತ್ತದೆ. ತಪ್ಪಾಗಿರುವುದು ಮೊದಲ ಎರಡು ದಿನದ ಕೆಲಸದಲ್ಲಿ: ಕಲ್ಚರ್ (ಬೆಳೆಸಿದ ಬ್ಯಾಕ್ಟೀರಿಯಾ) ಶುದ್ಧ ಇರಲಿಲ್ಲ, ಇಲ್ಲವೇ ಗ್ರಾಂ ಸ್ಟೇನ್ (ಬ್ಯಾಕ್ಟೀರಿಯಾವನ್ನು ಪಾಸಿಟಿವ್, ನೆಗೆಟಿವ್ ಅಂತ ಬಿಡಿಸುವ ಬಣ್ಣದ ಟೆಸ್ಟ್) ಕೈಕೊಟ್ಟಿತ್ತು. ಅದಕ್ಕೇ ಈ ಬರಹದಲ್ಲಿ ಆ ಎರಡು ಹಂತಕ್ಕೆ ಜಾಸ್ತಿ ಜಾಗ ಕೊಟ್ಟಿದ್ದೇನೆ.

ಒಂದು ಮಾತು ಮೊದಲೇ ಹೇಳಿಬಿಡುತ್ತೇನೆ. ಗುರುತಿಸುವುದು ಬೇರೆ, ವರ್ಗೀಕರಿಸುವುದು ಬೇರೆ. ಪೋಸ್ಟ್ ಆಫೀಸಿನಲ್ಲಿ ಗೂಡುಗಳು ಮೊದಲೇ ಇರುತ್ತವೆ, ಬಂದ ಕಾಗದವನ್ನು ಸರಿಯಾದ ಗೂಡಿಗೆ ಹಾಕುತ್ತಾರೆ. ಅದು ಗುರುತಿಸುವುದು. ಯಾವ ಗೂಡು ಎಲ್ಲಿರಬೇಕು, ಎಷ್ಟಿರಬೇಕು ಅಂತ ತೀರ್ಮಾನಿಸುವುದು ವರ್ಗೀಕರಣ. ನಿಮ್ಮ ಪ್ರಾಕ್ಟಿಕಲ್‌ನಲ್ಲಿ ಬೇಕಾಗುವುದು ಮೊದಲನೆಯದು. ಎರಡನೆಯದರ ಮಾತು ಹಂತ 8ರಲ್ಲಿ ಬರುತ್ತದೆ.

## ಟೇಬಲ್ ಮೇಲೆ ಏನೇನಿರಬೇಕು

ಲೂಪ್, ನೇರ ಸೂಜಿ, ಬರ್ನರ್ ಅಥವಾ ಸ್ಪಿರಿಟ್ ಲ್ಯಾಂಪ್, ಜಿಡ್ಡಿಲ್ಲದ ಸ್ಲೈಡ್‌ಗಳು, ಮರದ ಟೂತ್‌ಪಿಕ್, ಗ್ರಾಂ ಸ್ಟೇನ್ ಬಾಟಲಿಗಳು, 3% ಹೈಡ್ರೋಜನ್ ಪೆರಾಕ್ಸೈಡ್, ಆಕ್ಸಿಡೇಸ್ ಡಿಸ್ಕ್. ಮೀಡಿಯಾದಲ್ಲಿ (ಬ್ಯಾಕ್ಟೀರಿಯಾ ಬೆಳೆಸುವ ಆಹಾರ) ನ್ಯೂಟ್ರಿಯೆಂಟ್ ಅಗಾರ್, ಮ್ಯಾಕಾಂಕಿ ಅಗಾರ್, ಸಿಕ್ಕರೆ ಬ್ಲಡ್ ಅಗಾರ್. ಟ್ಯೂಬ್‌ಗಳಲ್ಲಿ ಟಿಎಸ್‌ಐ (ಮೂರು ಸಕ್ಕರೆ, ಕಬ್ಬಿಣ ಇರುವ ಅಗಾರ್), ಸಿಮನ್ಸ್ ಸಿಟ್ರೇಟ್, ಟ್ರಿಪ್ಟೋನ್ ಬ್ರಾತ್ (ಬ್ರಾತ್ ಅಂದರೆ ದ್ರವ ಮೀಡಿಯಾ), ಎಂಆರ್-ವಿಪಿ (ಮಿಥೈಲ್ ರೆಡ್, ವೋಗ್ಸ್-ಪ್ರೊಸ್ಕಾವರ್) ಬ್ರಾತ್, ಯೂರಿಯಾ ಸ್ಲ್ಯಾಂಟ್ (ಓರೆಯಾಗಿ ಗಟ್ಟಿಯಾದ ಅಗಾರ್), ಮೊಟಿಲಿಟಿಗೆ (ಚಲನೆ ನೋಡಲು) ಮೆತ್ತನೆಯ ಅಗಾರ್. 100 ಪಟ್ಟಿನ ಆಯಿಲ್ ಇಮ್ಮರ್ಶನ್ ಲೆನ್ಸ್ ಇರುವ ಮೈಕ್ರೋಸ್ಕೋಪ್ ಹೇಗೂ ಬೇಕೇ ಬೇಕು.

ಬಹಳ ಜನ ಮರೆಯುವುದು ಗೊತ್ತಿರುವ ಕಲ್ಚರ್‌ಗಳನ್ನು. ಇ. ಕೋಲೈ, ಸ್ಟ್ಯಾಫಿಲೊಕಾಕಸ್ ಆರಿಯಸ್, ಆಕ್ಸಿಡೇಸ್ ಟೆಸ್ಟ್‌ಗಾಗಿ ಸೂಡೊಮೊನಾಸ್ ಎರುಜಿನೋಸಾ, ಈ ಮೂರು ಕೈಯಲ್ಲಿರಲಿ. ಇವುಗಳಲ್ಲಿ ಕ್ರಮವಾಗಿ ಅಟಿಸಿಸಿ (ಅಮೆರಿಕದ ಕಲ್ಚರ್ ಸಂಗ್ರಹ) 25922, 25923, 27853 ಅಂತ ನಂಬರ್ ಇರುವ ತಳಿಗಳು ಎಲ್ಲ ಕಡೆ ಬಳಕೆಯಲ್ಲಿವೆ. ಚಂಡೀಗಢದ ಕಲ್ಚರ್ ಸಂಗ್ರಹ ಎಂಟಿಸಿಸಿಯಿಂದಲೂ ಕಾಲೇಜುಗಳು ತಳಿಗಳನ್ನು ತರಿಸುತ್ತವೆ. ಅನ್‌ನೋನ್‌ಗೆ ಮಾಡುವ ಪ್ರತಿ ಟೆಸ್ಟ್ ಅನ್ನು ಇವಕ್ಕೂ ಮಾಡಿ. ಇ. ಕೋಲೈ ಟ್ಯೂಬ್‌ನಲ್ಲಿ ಇಂಡೋಲ್ ಬರಲಿಲ್ಲ ಅಂದರೆ ನಿಮ್ಮ ಅನ್‌ನೋನ್‌ನ ಇಂಡೋಲ್ ರೀಡಿಂಗ್‌ಗೆ ಮೂರು ಕಾಸಿನ ಬೆಲೆ ಇಲ್ಲ.

ಕೂದಲು ಕಟ್ಟಿ, ದುಪಟ್ಟಾ ಇದ್ದರೆ ಕೋಟಿನ ಒಳಗೆ ಸೇರಿಸಿ. ಬಾಯಲ್ಲಿ ಪಿಪೆಟ್ ಎಳೆಯಬೇಡಿ. ಪ್ಲೇಟ್ ತೆರೆದು ಮೂಸಬೇಡಿ. ಸೂಡೊಮೊನಾಸ್ ದ್ರಾಕ್ಷಿ ವಾಸನೆ ಬರುತ್ತದೆ ಅಂತ ಪುಸ್ತಕದಲ್ಲಿ ಓದಿಯೇ ಬಹಳ ಮಕ್ಕಳು ಮೂಗು ಹತ್ತಿರ ತರುತ್ತಾರೆ.

## ಹಂತ 1: ಒಂಟಿ ಕಾಲೊನಿ ಪಡೆಯಿರಿ (ದಿನ 1ರಿಂದ 3)

ಕಾಲೊನಿ ಅಂದರೆ ಅಗಾರ್ ಮೇಲೆ ಒಂದು ಕಡೆ ಬೆಳೆದ ಬ್ಯಾಕ್ಟೀರಿಯಾದ ಗುಡ್ಡೆ. ಕೊಟ್ಟ ಟ್ಯೂಬ್‌ನಲ್ಲಿ ಒಂದೇ ಬ್ಯಾಕ್ಟೀರಿಯಾ ಇದೆ ಅಂತ ನಂಬಬೇಡಿ. ನಾಲ್ಕು ಭಾಗದ ಸ್ಟ್ರೀಕ್ ಮಾಡಿ. ಲೂಪ್ ಅನ್ನು ಕೆಂಪಗೆ ಕಾಯಿಸಿ, ತಣ್ಣಗಾಗಲು ಬಿಡಿ, ಅಂಚಿನ ಖಾಲಿ ಅಗಾರ್‌ಗೆ ಒಮ್ಮೆ ಮುಟ್ಟಿಸಿ. ಚುಂಯ್ ಅಂದರೆ ಇನ್ನೂ ಬಿಸಿ ಇದೆ. ಮೊದಲ ಭಾಗದಲ್ಲಿ ಹತ್ತಿರ ಹತ್ತಿರ ಗೆರೆ ಎಳೆಯಿರಿ. ಮತ್ತೆ ಲೂಪ್ ಕಾಯಿಸಿ, ಮೊದಲ ಭಾಗದ ತುದಿಗೆ ಎರಡು ಮೂರು ಸಲ ಮಾತ್ರ ತಾಗಿಸಿ ಎರಡನೇ ಭಾಗ ಎಳೆಯಿರಿ. ಮೂರು, ನಾಲ್ಕನೆಯದೂ ಹೀಗೇ. ನಾಲ್ಕನೇ ಭಾಗ ಮೊದಲನೆಯದಕ್ಕೆ ತಾಗಬಾರದು.

ಭಾಗಗಳ ನಡುವೆ ಲೂಪ್ ಕಾಯಿಸುವುದನ್ನು ಮರೆತರೆ ಇಡೀ ಪ್ಲೇಟ್ ಬಿಳಿ ಚಾಪೆ ಹಾಸಿದ ಹಾಗೆ ಆಗುತ್ತದೆ, ಒಂಟಿ ಕಾಲೊನಿ ಒಂದೂ ಸಿಗುವುದಿಲ್ಲ. ಅಗಾರ್ ಮೇಲೆ ನೀರು ನಿಂತಿದ್ದರೂ ಅಷ್ಟೆ. ಮಳೆಗಾಲದಲ್ಲಿ ಈ ನೀರಿನ ಕಾಟ ಜಾಸ್ತಿ. ಹೊಸ ಪ್ಲೇಟ್‌ಗಳನ್ನು ಬಳಸುವ ಮುಂಚೆ ಇನ್‌ಕ್ಯುಬೇಟರ್‌ನಲ್ಲಿ ಸ್ವಲ್ಪ ಹೊತ್ತು ಒಣಗಿಸಿ.

ಹೆಸರು, ದಿನಾಂಕವನ್ನು ತಳದ ಮೇಲೆ ಬರೆಯಿರಿ. ಮುಚ್ಚಳ ಅದಲು ಬದಲಾಗುತ್ತದೆ, ತಳ ಆಗುವುದಿಲ್ಲ. ಪ್ಲೇಟ್ ಬೋರಲು ಹಾಕಿ 37 ಡಿಗ್ರಿಯಲ್ಲಿ 18ರಿಂದ 24 ಗಂಟೆ ಇಡಿ. ರಾತ್ರಿ ಕರೆಂಟ್ ಹೋಗಿತ್ತಾ ಅಂತ ಬೆಳಿಗ್ಗೆ ವಿಚಾರಿಸಿ. ಆರು ಗಂಟೆ ಕರೆಂಟ್ ಇಲ್ಲದ ರಾತ್ರಿಯ 24 ಗಂಟೆಯನ್ನು 24 ಗಂಟೆ ಅಂತ ಲೆಕ್ಕ ಹಾಕಬಾರದು. ಕಾಲೊನಿ ಚಿಕ್ಕದು ಅಂತ ರೆಕಾರ್ಡ್‌ನಲ್ಲಿ ಬರೆದುಬಿಡುತ್ತೀರಿ.

ಒಂಟಿ ಕಾಲೊನಿ ಸಿಕ್ಕ ಮೇಲೆ ಅದನ್ನು ಮತ್ತೊಂದು ನ್ಯೂಟ್ರಿಯೆಂಟ್ ಅಗಾರ್‌ಗೆ ಸ್ಟ್ರೀಕ್ ಮಾಡಿ. ಕನಿಷ್ಠ ಎರಡು ಸಲ. ಇದನ್ನು ಮ್ಯಾಕಾಂಕಿಯಲ್ಲೇ ಮಾಡಿ ಮುಗಿಸುವವರಿದ್ದಾರೆ. ಅದು ಬಲೆ. ಮ್ಯಾಕಾಂಕಿಯ ಬೈಲ್ ಸಾಲ್ಟ್ ಮತ್ತು ಕ್ರಿಸ್ಟಲ್ ವಯಲೆಟ್ ಕೆಲವನ್ನು ಬೆಳೆಯಲು ಬಿಡುವುದಿಲ್ಲ, ಆದರೆ ಪೂರಾ ಕೊಂದಿರುತ್ತವೆ ಅಂತಲ್ಲ. ಅಂದವಾದ ಗುಲಾಬಿ ಕಾಲೊನಿಯ ಅಡಿಯಲ್ಲಿ ಕಣ್ಣಿಗೆ ಕಾಣದ ಹಾಗೆ ಇನ್ನೊಂದು ಕೂತಿರಬಹುದು. ಬ್ರಾತ್‌ಗೆ ಬಿದ್ದ ತಕ್ಷಣ ಅದೂ ಬೆಳೆಯುತ್ತದೆ.

ನಾನೇ ಒಮ್ಮೆ ಬೇಸ್ತು ಬಿದ್ದಿದ್ದೇನೆ. ಮಣ್ಣಿನಿಂದ ತೆಗೆದ ಒಂದು ಕಲ್ಚರ್ ಅನ್ನು ಅವಸರದಲ್ಲಿ ಒಂದೇ ಸಲ ಸ್ಟ್ರೀಕ್ ಮಾಡಿ, ಶುದ್ಧವಾಗಿದೆ ಅಂದುಕೊಂಡು ಸೀಕ್ವೆನ್ಸಿಂಗ್‌ಗೆ (ಡಿಎನ್‌ಎ ಓದಿಸಲು) ಕಳಿಸಿದೆ. ವಾಪಸ್ ಬಂದ ಗ್ರಾಫ್‌ನಲ್ಲಿ ಪ್ರತಿ ಜಾಗದಲ್ಲೂ ಎರಡೆರಡು ಶಿಖರ, ಒಂದರ ಮೇಲೊಂದು. ಪ್ಲೇಟ್ ತೆಗೆದು ಬೆಳಕಿಗೆ ಹಿಡಿದು ನೋಡಿದರೆ ದೊಡ್ಡ ಕೆನೆಬಣ್ಣದ ಕಾಲೊನಿಗಳ ಅಂಚಿನಲ್ಲಿ ಸೂಜಿಮೊನೆಯಷ್ಟು ದೊಡ್ಡ, ಗಾಜಿನ ಹಾಗೆ ತಿಳಿಯಾದ ಇನ್ನೊಂದು ಜಾತಿ. ದುಡ್ಡೂ ಹೋಯಿತು, ಹದಿನೈದು ದಿನವೂ ಹೋಯಿತು.

ಎಚ್ಚರಿಕೆಯ ಗುರುತುಗಳು: ಒಂದೇ ಪ್ಲೇಟ್‌ನಲ್ಲಿ ಎರಡು ಗಾತ್ರದ ಕಾಲೊನಿ. ಸ್ಟ್ರೀಕ್ ಗೆರೆಯಿಂದ ದೂರ ಎಲ್ಲೋ ಒಂದು ಕಾಲೊನಿ. ದೊಡ್ಡದರ ನೆರಳಲ್ಲಿ ಚಿಕ್ಕದು. ಇಡೀ ಪ್ಲೇಟ್ ಮೇಲೆ ತೆಳ್ಳನೆಯ ಅಲೆ ಅಲೆ ಪೊರೆ ಹರಡಿದ್ದರೆ ಪ್ರೋಟಿಯಸ್ ಇರಬಹುದು. ಅದರ ಪೊರೆಯ ಕೆಳಗೆ ಬೇರೆಯದು ಅಡಗಿರುವುದು ಮಾಮೂಲಿ. ಇಂಥ ಕಲ್ಚರ್ ಅನ್ನು ಬಿಡಿಸಲು ಮಾತ್ರ ಮ್ಯಾಕಾಂಕಿ ಬಳಸಿ, ಅಲ್ಲಿ ಪ್ರೋಟಿಯಸ್ ಹರಡುವುದಿಲ್ಲ. ಆಮೇಲೆ ನ್ಯೂಟ್ರಿಯೆಂಟ್ ಅಗಾರ್‌ಗೆ ಬನ್ನಿ.

## ಹಂತ 2: ಕಾಲೊನಿಯನ್ನು ಕಣ್ಣಲ್ಲೇ ಓದಿ

ಗಾತ್ರವನ್ನು ಮಿಲಿಮೀಟರ್‌ನಲ್ಲಿ, ಅಂಚು, ಉಬ್ಬು, ಬಣ್ಣ, ಹೊಳಪು, ಇಷ್ಟನ್ನು ಬರೆದುಕೊಳ್ಳಿ. ‘ಬಿಳಿ, ದುಂಡಗೆ’ ಅಂತ ಬರೆದರೆ ಅರ್ಧ ಜಗತ್ತಿನ ಬ್ಯಾಕ್ಟೀರಿಯಾ ಅದರೊಳಗೆ ಬರುತ್ತವೆ.

ಮ್ಯಾಕಾಂಕಿಯಲ್ಲಿ ಗುಲಾಬಿ ಬಂದರೆ ಲ್ಯಾಕ್ಟೋಸ್ ತಿನ್ನುತ್ತದೆ, ಬಣ್ಣ ಇಲ್ಲದಿದ್ದರೆ ತಿನ್ನುವುದಿಲ್ಲ. ಎರಡು ಮೂರು ದಿನ ಬಿಟ್ಟು ನೋಡಿದ ಬಣ್ಣವನ್ನು ನಂಬಬೇಡಿ, ನಿಧಾನವಾಗಿ ತಿನ್ನುವವೂ ಆ ಹೊತ್ತಿಗೆ ಗುಲಾಬಿ ಆಗಿರುತ್ತವೆ. ಬ್ಲಡ್ ಅಗಾರ್ ಇದ್ದರೆ ಪ್ಲೇಟ್ ಅನ್ನು ಕಿಟಕಿ ಬೆಳಕಿಗೆ ಎತ್ತಿ ಹಿಡಿದು ರಕ್ತ ಹೇಗೆ ಕರಗಿದೆ (ಹಿಮಾಲಿಸಿಸ್) ಅಂತ ನೋಡಿ. ಕಾಲೊನಿಯ ಸುತ್ತ ಪೂರ್ತಿ ತಿಳಿಯಾದರೆ ಬೀಟಾ, ಹಸಿರು ಛಾಯೆ ಬಂದರೆ ಆಲ್ಫಾ, ಏನೂ ಆಗದಿದ್ದರೆ ಗಾಮಾ.

ಲೂಪ್ ತಾಗಿಸಿ ಎತ್ತಿದಾಗ ಕಾಲೊನಿ ಪಾಕದ ಎಳೆಯ ಹಾಗೆ ಜಗ್ಗಿ ಬಂತಾ? ಕ್ಲೆಬ್‌ಸಿಯೆಲ್ಲಾ ಹೀಗೆ ಬರುವುದುಂಟು. ಬರೆದುಕೊಳ್ಳಿ, ಆದರೆ ಅಷ್ಟಕ್ಕೇ ಹೆಸರು ಇಡಬೇಡಿ.

## ಹಂತ 3: ಗ್ರಾಂ ಸ್ಟೇನ್

ಮುಂದಿನ ಎಲ್ಲ ದಾರಿಯೂ ಇಲ್ಲಿಂದಲೇ ಕವಲಾಗುತ್ತದೆ. ಇಲ್ಲಿ ತಪ್ಪಿದರೆ ಆಮೇಲೆ ಎಷ್ಟು ಶ್ರದ್ಧೆಯಿಂದ ಟೆಸ್ಟ್ ಮಾಡಿದರೂ ಬೇರೆ ಊರಿನ ಬಸ್ ಹತ್ತಿದ ಹಾಗೆ.

1. 18ರಿಂದ 24 ಗಂಟೆಯ ಕಲ್ಚರ್ ಮಾತ್ರ ತೆಗೆದುಕೊಳ್ಳಿ. ಫ್ರಿಡ್ಜ್‌ನಲ್ಲಿದ್ದ ಹಳೆಯ ಸ್ಲ್ಯಾಂಟ್ ಬೇಡ.

2. ಸ್ಲೈಡ್ ಮೇಲೆ ಸಣ್ಣ ನೀರಿನ ಹನಿ ಇಟ್ಟು, ಕಾಲೊನಿಯನ್ನು ಸುಮ್ನೆ ಮುಟ್ಟಿದಷ್ಟು ತೆಗೆದು ಹರಡಿ. ಒಣಗಿದ ಮೇಲೆ ಸ್ಲೈಡ್ ಅನ್ನು ಪೇಪರ್ ಮೇಲಿಟ್ಟರೆ ಸ್ಮಿಯರ್ ಮೂಲಕ ಅಕ್ಷರ ಓದಲು ಬರಬೇಕು. ಬರದಿದ್ದರೆ ದಪ್ಪ ಆಯಿತು. ದಪ್ಪ ಸ್ಮಿಯರ್‌ನಲ್ಲಿ ಆಲ್ಕೋಹಾಲ್ ಒಳಗೆ ಇಳಿಯುವುದಿಲ್ಲ, ನೆಗೆಟಿವ್ ಕೂಡ ನೇರಳೆಯಾಗಿ ಉಳಿಯುತ್ತದೆ.

3. ಅದೇ ಸ್ಲೈಡ್‌ನ ಎಡಕ್ಕೆ ಸ್ಟ್ಯಾಫಿಲೊಕಾಕಸ್, ಬಲಕ್ಕೆ ಇ. ಕೋಲೈ, ನಡುವೆ ಅನ್‌ನೋನ್. ಮೂರಕ್ಕೂ ಒಂದೇ ಆಲ್ಕೋಹಾಲ್, ಒಂದೇ ಗಳಿಗೆ.

4. ಗಾಳಿಯಲ್ಲಿ ಪೂರ್ತಿ ಒಣಗಿದ ಮೇಲೆ ಉರಿಯ ಮೇಲೆ ಎರಡು ಮೂರು ಸಲ ಆಡಿಸಿ. ಸ್ಲೈಡ್ ಅಂಗೈ ಹಿಂಭಾಗಕ್ಕೆ ಬೆಚ್ಚಗೆ ತಾಗಬೇಕು, ಸುಡಬಾರದು.

5. ಕ್ರಿಸ್ಟಲ್ ವಯಲೆಟ್ 1 ನಿಮಿಷ, ನೀರು. ಅಯೋಡಿನ್ 1 ನಿಮಿಷ, ನೀರು.

6. 95% ಆಲ್ಕೋಹಾಲ್ ಅನ್ನು ಓರೆ ಹಿಡಿದ ಸ್ಲೈಡ್ ಮೇಲೆ ಹನಿ ಹನಿಯಾಗಿ ಬಿಡಿ. ಇಳಿಯುವ ಹನಿಯಲ್ಲಿ ನೇರಳೆ ಕಾಣುವುದು ನಿಂತ ಕೂಡಲೇ ನೀರು ಹಾಕಿ. 10ರಿಂದ 15 ಸೆಕೆಂಡ್ ಸಾಕು. ಬಾಟಲಿಯಲ್ಲಿ ಅಸಿಟೋನ್ ಬೆರೆಸಿದ್ದರೆ ಎರಡು ಮೂರು ಸೆಕೆಂಡೇ ಜಾಸ್ತಿ. ಯಾವ ಬಾಟಲಿ ಅಂತ ಮೊದಲೇ ಕೇಳಿಕೊಳ್ಳಿ.

7. ಸಾಫ್ರನಿನ್ 30ರಿಂದ 60 ಸೆಕೆಂಡ್, ನೀರು. ಒರೆಸಬೇಡಿ, ಬ್ಲಾಟಿಂಗ್ ಪೇಪರ್‌ನಿಂದ ಒತ್ತಿ.

ನೇರಳೆ ಅಂದರೆ ಪಾಸಿಟಿವ್, ಗುಲಾಬಿ ಅಂದರೆ ನೆಗೆಟಿವ್. ಆದರೆ ಮೊದಲು ಎಡ ಬಲದ ಕಂಟ್ರೋಲ್‌ಗಳನ್ನು ನೋಡಿ. ಅವೆರಡೂ ಸರಿ ಬಂದಿದ್ದರೆ ಮಾತ್ರ ನಡುವಿನದನ್ನು ಓದಿ. ಸ್ಮಿಯರ್ ತೆಳ್ಳಗಿದ್ದು ಬ್ಯಾಕ್ಟೀರಿಯಾ ಬಿಡಿಬಿಡಿಯಾಗಿ ಕಾಣುವ ಜಾಗವನ್ನು ಹುಡುಕಿ. ಗುಂಪಿನ ನಡುವೆ ಬಣ್ಣ ಮೋಸ ಮಾಡುತ್ತದೆ.

ಒಂದು ಸಲ ಒಬ್ಬ ಹುಡುಗಿ ‘ಗುಲಾಬಿ ಕಡ್ಡಿ ಸಾರ್, ಗ್ರಾಂ ನೆಗೆಟಿವ್’ ಅಂತ ಸ್ಲೈಡ್ ತಂದಳು. ಫೋಕಸ್ ಮಾಡಿ ನೋಡಿದರೆ ಕಡ್ಡಿಗಳು ದಪ್ಪಗೆ, ಉದ್ದಕ್ಕೆ, ಸರಪಳಿಯ ಹಾಗೆ. ಕೆಲವು ಕಡ್ಡಿಯ ಹೊಟ್ಟೆಯಲ್ಲಿ ಬಣ್ಣ ಹಿಡಿಯದ ಅಂಡಾಕಾರದ ಖಾಲಿ ಜಾಗ. ಅದು ಸ್ಪೋರ್, ಕಷ್ಟಕಾಲಕ್ಕೆ ಬ್ಯಾಕ್ಟೀರಿಯಾ ಕಟ್ಟಿಕೊಳ್ಳುವ ಗಟ್ಟಿ ರೂಪ. ನಮ್ಮ ‘ಅನ್‌ನೋನ್’ಗಳಲ್ಲಿ ಸ್ಪೋರ್ ಮಾಡುವ ಕಡ್ಡಿ ಅಂದರೆ ಬಹುಮಟ್ಟಿಗೆ ಬ್ಯಾಸಿಲಸ್, ಅದು ಪಾಸಿಟಿವ್. ಪ್ಲೇಟ್ ಎಷ್ಟು ದಿನದ್ದು ಅಂತ ಕೇಳಿದೆ. ಶನಿವಾರದ್ದು, ಆವತ್ತು ಮಂಗಳವಾರ. ಹಳೆಯದಾದ ಬ್ಯಾಸಿಲಸ್ ಬಣ್ಣ ಹಿಡಿದಿಟ್ಟುಕೊಳ್ಳುವುದಿಲ್ಲ. ಮರುದಿನ ಹೊಸ ಕಲ್ಚರ್‌ನಲ್ಲಿ ಅಚ್ಚ ನೇರಳೆ ಬಂತು.

ಅನುಮಾನ ಬಂದರೆ ಕೆಒಎಚ್ ಟೆಸ್ಟ್ ಮಾಡಿ, ಒಂದು ನಿಮಿಷದ ಕೆಲಸ. ಸ್ಲೈಡ್ ಮೇಲೆ 3% ಪೊಟ್ಯಾಸಿಯಂ ಹೈಡ್ರಾಕ್ಸೈಡ್ ಒಂದು ಹನಿ, ಅದರಲ್ಲಿ ಕಾಲೊನಿಯನ್ನು ಒಂದು ನಿಮಿಷದವರೆಗೆ ಕಲಸಿ, ಆಗಾಗ ಲೂಪ್ ಎತ್ತಿ ನೋಡಿ. ಲೋಳೆಯ ಎಳೆ ಎದ್ದರೆ ನೆಗೆಟಿವ್: ಗೋಡೆ ಒಡೆದು ಡಿಎನ್‌ಎ ಹೊರಬಂದಿದೆ. ನೀರಾಗಿಯೇ ಉಳಿದರೆ ಪಾಸಿಟಿವ್. ಕೆಲವಕ್ಕೆ ಇದೂ ತಪ್ಪುತ್ತದೆ, ಆದರೆ ಸ್ಟೇನ್ ಮತ್ತು ಕೆಒಎಚ್ ಎರಡೂ ಒಂದೇ ಮಾತು ಹೇಳಿದರೆ ಧೈರ್ಯವಾಗಿ ಮುಂದೆ ಹೋಗಬಹುದು.

ಅಭ್ಯಾಸಕ್ಕೆ ಮೊಸರಿಗಿಂತ ಅಗ್ಗದ್ದು ಇಲ್ಲ. ಮನೆ ಮೊಸರನ್ನು ನೀರಲ್ಲಿ ಚೆನ್ನಾಗಿ ತೆಳು ಮಾಡಿ ಸ್ಮಿಯರ್ ಹಾಕಿ. ನೇರಳೆ ಗುಂಡುಗಳು, ಕಡ್ಡಿಗಳು ಕಾಣಬೇಕು. ಎಲ್ಲ ಗುಲಾಬಿ ಬಂದರೆ ಆಲ್ಕೋಹಾಲ್ ಜಾಸ್ತಿ ಆಗಿದೆ. ಮೊಸರಲ್ಲಿ ಹತ್ತು ಸಲ ಕೈ ಪಳಗಿದ ಮೇಲೆ ಅನ್‌ನೋನ್ ಮುಟ್ಟಿ.

## ಹಂತ 4: ಎರಡು ಚಿಟಿಕೆ ಟೆಸ್ಟ್: ಕ್ಯಾಟಲೇಸ್, ಆಕ್ಸಿಡೇಸ್

ಕ್ಯಾಟಲೇಸ್ (ಪೆರಾಕ್ಸೈಡ್ ಒಡೆಯುವ ಕಿಣ್ವ). ಟೂತ್‌ಪಿಕ್‌ನಿಂದ ಕಾಲೊನಿಯ ತುದಿಯನ್ನು ಒಣ ಸ್ಲೈಡ್‌ಗೆ ಹಚ್ಚಿ, ಅದರ ಮೇಲೆ ಒಂದು ಹನಿ ಪೆರಾಕ್ಸೈಡ್. ತಕ್ಷಣ ಬುರುಬುರು ನೊರೆ ಬಂದರೆ ಪಾಸಿಟಿವ್. ಅರ್ಧ ನಿಮಿಷ ಕಾದ ಮೇಲೆ ಕಂಡ ಒಂದೆರಡು ಗುಳ್ಳೆ ಲೆಕ್ಕಕ್ಕಿಲ್ಲ. ನೈಕ್ರೋಮ್ ಲೂಪ್ ಅನ್ನು ಪೆರಾಕ್ಸೈಡ್‌ಗೆ ಅದ್ದಬೇಡಿ, ಲೋಹವೇ ಗುಳ್ಳೆ ಎಬ್ಬಿಸಬಹುದು. ಬ್ಲಡ್ ಅಗಾರ್‌ನಿಂದ ತೆಗೆಯುವುದಾದರೆ ಅಗಾರ್ ಅಂಟಿ ಬರದ ಹಾಗೆ ನೋಡಿಕೊಳ್ಳಿ, ರಕ್ತಕಣಗಳಲ್ಲೂ ಕ್ಯಾಟಲೇಸ್ ಇದೆ.

ಆಕ್ಸಿಡೇಸ್. ಡಿಸ್ಕ್ ಮೇಲೆ ಟೂತ್‌ಪಿಕ್‌ನಿಂದ ಹಚ್ಚಿ, 10 ಸೆಕೆಂಡ್‌ನೊಳಗೆ ಕಡು ನೇರಳೆ ಬಂದರೆ ಪಾಸಿಟಿವ್. ಒಂದು ನಿಮಿಷ ಬಿಟ್ಟರೆ ಬಹಳಷ್ಟು ಡಿಸ್ಕ್ ತಾನಾಗಿಯೇ ನೀಲಿ ತಿರುಗುತ್ತದೆ. ಇಲ್ಲೂ ನೈಕ್ರೋಮ್ ಲೂಪ್ ಬೇಡ. ಮ್ಯಾಕಾಂಕಿಯ ಕಾಲೊನಿಯಿಂದ ಈ ಟೆಸ್ಟ್ ಮಾಡಲೇಬೇಡಿ. ಅಲ್ಲಿನ ಆಮ್ಲ ರೀಡಿಂಗ್ ಕೆಡಿಸುತ್ತದೆ.

## ಹಂತ 5: ಗ್ರಾಂ ಪಾಸಿಟಿವ್ ದಾರಿ

ಗುಂಡು, ಗೊಂಚಲು, ಕ್ಯಾಟಲೇಸ್ ಪಾಸಿಟಿವ್ ಆದರೆ ಸ್ಟ್ಯಾಫಿಲೊಕಾಕಸ್ ಕಡೆ. ಗುಂಡು, ಸರ ಅಥವಾ ಜೋಡಿ, ಕ್ಯಾಟಲೇಸ್ ನೆಗೆಟಿವ್ ಆದರೆ ಸ್ಟ್ರೆಪ್ಟೊಕಾಕಸ್, ಎಂಟರೊಕಾಕಸ್ ಕಡೆ. ಗೊಂಚಲೋ ಸರವೋ ಅನ್ನುವುದನ್ನು ಪ್ಲೇಟ್ ಕಲ್ಚರ್‌ನಲ್ಲಿ ಹೇಳುವುದು ಕಷ್ಟ, ಬ್ರಾತ್‌ನಲ್ಲಿ ಬೆಳೆಸಿದ್ದರಲ್ಲಿ ಚೆನ್ನಾಗಿ ಕಾಣುತ್ತದೆ.

ಸ್ಟ್ಯಾಫಿಲೊಕಾಕಸ್ ಆದರೆ ಕೊಆಗ್ಯುಲೇಸ್ (ಪ್ಲಾಸ್ಮಾ ಗಡ್ಡೆ ಕಟ್ಟಿಸುತ್ತದಾ ಅಂತ ನೋಡುವ ಟೆಸ್ಟ್) ಮಾಡಿ. ಇಡಿಟಿಎ ಹಾಕಿದ ಮೊಲದ ಪ್ಲಾಸ್ಮಾ ಬಳಸಿ. ಟ್ಯೂಬ್ ಅನ್ನು 37 ಡಿಗ್ರಿಯಲ್ಲಿಟ್ಟು 4 ಗಂಟೆ ಆದಾಗ ತಪ್ಪದೆ ನೋಡಿ. ರಾತ್ರಿ ಇಟ್ಟು ಬೆಳಿಗ್ಗೆ ಮಾತ್ರ ನೋಡುವವರು ಮೋಸ ಹೋಗುತ್ತಾರೆ: ಕೆಲವು ತಳಿಗಳು ತಾವೇ ಕಟ್ಟಿದ ಗಡ್ಡೆಯನ್ನು ತಾವೇ ಕರಗಿಸಿಬಿಡುತ್ತವೆ. ಆಗ ಗಡ್ಡೆ ಇಲ್ಲದಿದ್ದರೆ 24 ಗಂಟೆವರೆಗೆ ಕಾಯಿರಿ. ಟ್ಯೂಬ್ ಅನ್ನು ಮೆಲ್ಲಗೆ ಓರೆ ಮಾಡಿ, ಅಲುಗಾಡಿಸಬೇಡಿ.

ಮ್ಯಾನಿಟಾಲ್ ಸಾಲ್ಟ್ ಅಗಾರ್ ಹಳದಿ ಆಯಿತು ಅಂತ ಆರಿಯಸ್ ಎಂದು ಬರೆಯುವುದು ಬಹಳ ಸಾಮಾನ್ಯ ತಪ್ಪು. ಸ್ಟ್ಯಾಫಿಲೊಕಾಕಸ್ ಸ್ಯಾಪ್ರೊಫಿಟಿಕಸ್‌ನ ಎಷ್ಟೋ ತಳಿಗಳು ಅದನ್ನು ಹಳದಿ ಮಾಡುತ್ತವೆ. ಕೊಆಗ್ಯುಲೇಸ್ ನೆಗೆಟಿವ್ ಬಂದರೆ 5 ಮೈಕ್ರೊಗ್ರಾಂ ನೊವೊಬಯೊಸಿನ್ ಡಿಸ್ಕ್ ಇಟ್ಟು ನೋಡಿ, ಸ್ಯಾಪ್ರೊಫಿಟಿಕಸ್ ಅದಕ್ಕೆ ಬಗ್ಗುವುದಿಲ್ಲ.

ಕ್ಯಾಟಲೇಸ್ ನೆಗೆಟಿವ್ ಗುಂಡುಗಳಿಗೆ ಬ್ಲಡ್ ಅಗಾರ್ ಇಲ್ಲದೆ ಮುಂದೆ ಹೋಗುವುದು ಕಷ್ಟ. ಆಲ್ಫಾ ಆದರೆ ಆಪ್ಟೊಚಿನ್ ಡಿಸ್ಕ್, ಬೀಟಾ ಆದರೆ ಬ್ಯಾಸಿಟ್ರಾಸಿನ್ ಡಿಸ್ಕ್ ಇಡಿ, ಬೈಲ್ ಎಸ್ಕ್ಯುಲಿನ್ ಅಗಾರ್ ಕಪ್ಪಾದರೆ ಎಂಟರೊಕಾಕಸ್ ಅನುಮಾನ. ದಪ್ಪ ಕಡ್ಡಿ ಆದರೆ ಮ್ಯಾಲಕೈಟ್ ಗ್ರೀನ್ ಹಾಕಿ ಸ್ಪೋರ್ ಸ್ಟೇನ್ ಮಾಡಿ.

## ಹಂತ 6: ಗ್ರಾಂ ನೆಗೆಟಿವ್ ಕಡ್ಡಿ

ಅನ್‌ನೋನ್‌ಗಳಲ್ಲಿ ಹೆಚ್ಚಿನವು ಈ ಗುಂಪಿನವೇ. ಆಕ್ಸಿಡೇಸ್ ನೆಗೆಟಿವ್, ಗ್ಲೂಕೋಸ್ ಹುದುಗಿಸುತ್ತದೆ ಅಂದರೆ ಇ. ಕೋಲೈ, ಕ್ಲೆಬ್‌ಸಿಯೆಲ್ಲಾ, ಪ್ರೋಟಿಯಸ್, ಸಾಲ್ಮೊನೆಲ್ಲಾ ಇರುವ ದೊಡ್ಡ ಗುಂಪು. ಪಾಸಿಟಿವ್ ಆದರೆ ಸೂಡೊಮೊನಾಸ್, ಏರೊಮೊನಾಸ್, ವಿಬ್ರಿಯೊ ಕಡೆ ನೋಡಿ.

ಟಿಎಸ್‌ಐ ಮೊದಲು. ನೇರ ಸೂಜಿಯಿಂದ ತಳದವರೆಗೆ ಚುಚ್ಚಿ, ವಾಪಸ್ ಎಳೆದು ಸ್ಲ್ಯಾಂಟ್ ಮೇಲೆ ಗೀಚಿ. ಮುಚ್ಚಳ ಸಡಿಲ ಇರಲಿ. ಇದರಲ್ಲಿ ಗ್ಲೂಕೋಸ್ 0.1%, ಲ್ಯಾಕ್ಟೋಸ್ ಮತ್ತು ಸುಕ್ರೋಸ್ ತಲಾ 1%. ಗ್ಲೂಕೋಸ್ ಮಾತ್ರ ತಿನ್ನುವಂಥದ್ದು ಮೊದಲು ಇಡೀ ಟ್ಯೂಬ್ ಹಳದಿ ಮಾಡುತ್ತದೆ. ಅದು ಮುಗಿದ ಮೇಲೆ ಪ್ರೋಟೀನ್‌ಗೆ ಕೈ ಹಾಕುತ್ತದೆ, ಮೇಲ್ಭಾಗ ಮತ್ತೆ ಕೆಂಪಾಗುತ್ತದೆ. ಆದ್ದರಿಂದ 18ರಿಂದ 24 ಗಂಟೆಯೊಳಗೇ ಓದಬೇಕು. ಹಾಕಿ ಹತ್ತು ಗಂಟೆ ಆದಾಗ ನೋಡಿದರೆ ಎಲ್ಲವೂ ಹಳದಿ, ಎರಡು ದಿನ ಬಿಟ್ಟರೆ ಹಳದಿ ಇದ್ದದ್ದೂ ಕೆಂಪು.

- ಮೇಲೆ ಹಳದಿ, ಕೆಳಗೆ ಹಳದಿ, ಗ್ಯಾಸ್: ಇ. ಕೋಲೈ, ಕ್ಲೆಬ್‌ಸಿಯೆಲ್ಲಾ
- ಮೇಲೆ ಕೆಂಪು, ಕೆಳಗೆ ಹಳದಿ, ಕಪ್ಪು (ಹೈಡ್ರೋಜನ್ ಸಲ್ಫೈಡ್‌ನಿಂದ): ಸಾಲ್ಮೊನೆಲ್ಲಾ, ಪ್ರೋಟಿಯಸ್ ಮಿರಾಬಿಲಿಸ್
- ಮೇಲೆ ಕೆಂಪು, ಕೆಳಗೆ ಹಳದಿ, ಗ್ಯಾಸೂ ಇಲ್ಲ, ಕಪ್ಪೂ ಇಲ್ಲ: ಶಿಗೆಲ್ಲಾ ಇರಬಹುದು
- ಎರಡೂ ಕೆಂಪು: ಸೂಡೊಮೊನಾಸ್‌ನಂಥವು

ಕಪ್ಪು ಜಾಸ್ತಿಯಾಗಿ ತಳದ ಹಳದಿ ಮುಚ್ಚಿಹೋದರೂ ಅದನ್ನು ಹಳದಿ ಅಂತಲೇ ಬರೆಯಿರಿ.

ಇಮ್ವಿಕ್ (ಇಂಡೋಲ್, ಮಿಥೈಲ್ ರೆಡ್, ವಿಪಿ, ಸಿಟ್ರೇಟ್ ಎಂಬ ನಾಲ್ಕು ಟೆಸ್ಟ್). ಇಂಡೋಲ್‌ಗೆ ಕೊವಾಕ್ ರಿಏಜೆಂಟ್ ಹಾಕಿದಾಗ ಮೇಲೆ ಚೆರ್ರಿ ಕೆಂಪು ಉಂಗುರ ಬರಬೇಕು. ರಿಏಜೆಂಟ್ ಹಳೆಯದಾಗಿ ಕಂದು ತಿರುಗಿದ್ದರೆ ಬಳಸಬೇಡಿ. ಮಿಥೈಲ್ ರೆಡ್‌ಗೆ 24 ಗಂಟೆ ಸಾಲದು, 48 ಗಂಟೆ ಬೇಕು. ಬೇಗ ಓದಿದರೆ ನೆಗೆಟಿವ್ ಆಗಬೇಕಾದದ್ದೂ ಕೆಂಪಾಗಿರುತ್ತದೆ.

ವಿಪಿಯಲ್ಲಿ ಹಾಕುವ ಕ್ರಮ ಮುಖ್ಯ. 1 ಮಿಲಿ ಕಲ್ಚರ್‌ಗೆ ಮೊದಲು 5% ಆಲ್ಫಾ ನ್ಯಾಫ್ಥಾಲ್ 0.6 ಮಿಲಿ, ಆಮೇಲೆ 40% ಕೆಒಎಚ್ 0.2 ಮಿಲಿ. ಚೆನ್ನಾಗಿ ಕುಲುಕಿ, ಗಾಳಿ ಸೇರಬೇಕು. 15 ನಿಮಿಷದಿಂದ ಒಂದು ಗಂಟೆಯೊಳಗೆ ಕೆಂಪು ಬಂದರೆ ಪಾಸಿಟಿವ್. ಅದಕ್ಕೂ ಆಮೇಲೆ ಬರುವ ತಾಮ್ರದ ಬಣ್ಣ ನೆಗೆಟಿವ್‌ನದು. ಕುಲುಕದೆ ಸ್ಟ್ಯಾಂಡ್‌ನಲ್ಲಿಟ್ಟು ಚಹಾಕ್ಕೆ ಹೋಗುವವರಿಗೆ ವಿಪಿ ಯಾವತ್ತೂ ನೆಗೆಟಿವ್.

ಸಿಟ್ರೇಟ್‌ಗೆ ಸೂಜಿಯ ತುದಿಯಲ್ಲಿ ತೀರಾ ಸ್ವಲ್ಪ ತೆಗೆದುಕೊಳ್ಳಿ. ಬೆಣ್ಣೆ ಸವರಿದ ಹಾಗೆ ಸವರಿದರೆ ಹಳೆಯ ಪ್ಲೇಟ್‌ನ ಆಹಾರವೂ ಜೊತೆಗೆ ಬರುತ್ತದೆ. ಬ್ರಾತ್‌ನಿಂದಲೂ ಹಾಕಬೇಡಿ. ಹಸಿರು ನೀಲಿಯಾದರೆ ಪಾಸಿಟಿವ್.

ಯೂರಿಯಾ. ಗುಲಾಬಿ ಬಂತು ಅನ್ನುವುದರ ಜೊತೆ ಎಷ್ಟು ಹೊತ್ತಿಗೆ ಬಂತು ಅಂತ ಬರೆಯಿರಿ. ಪ್ರೋಟಿಯಸ್ ಕೆಲವೇ ಗಂಟೆಯಲ್ಲಿ ಮಾಡುತ್ತದೆ, ಕ್ಲೆಬ್‌ಸಿಯೆಲ್ಲಾ ನಿಧಾನ. ಮೀಡಿಯಾ ನೀವೇ ಮಾಡುವುದಾದರೆ ಯೂರಿಯಾವನ್ನು ಆಟೊಕ್ಲೇವ್ ಮಾಡಬೇಡಿ, ಬಿಸಿಗೆ ಒಡೆಯುತ್ತದೆ. ಫಿಲ್ಟರ್ ಮಾಡಿ, ಬೇಸ್ 50 ಡಿಗ್ರಿಗೆ ಇಳಿದ ಮೇಲೆ ಸೇರಿಸಿ.

ಮೊಟಿಲಿಟಿ. ಮೆತ್ತನೆಯ ಅಗಾರ್‌ನಲ್ಲಿ ಒಮ್ಮೆ ನೇರ ಚುಚ್ಚಿ ಅದೇ ದಾರಿಯಲ್ಲಿ ಸೂಜಿ ಹೊರಗೆ ತೆಗೆಯಿರಿ. ಕೈ ಅಲುಗಿದರೆ ಓಡಾಡದ್ದೂ ಓಡಾಡಿದ ಹಾಗೆ ಕಾಣುತ್ತದೆ. ಹ್ಯಾಂಗಿಂಗ್ ಡ್ರಾಪ್‌ನಲ್ಲಿ ಇದ್ದಲ್ಲೇ ನಡುಗುವುದು ಚಲನೆಯಲ್ಲ. ಒಂದು ಕಡೆಯಿಂದ ಇನ್ನೊಂದು ಕಡೆಗೆ ಈಜಿಕೊಂಡು ಹೋಗಬೇಕು.

## ಇಲ್ಲಿ ಕೈ ನಿಲ್ಲಿಸಿ

ಕೆಲವು ಲಕ್ಷಣ ಕಂಡರೆ ಕುತೂಹಲಕ್ಕೆ ಮುಂದಿನ ಟೆಸ್ಟ್ ಮಾಡಬಾರದು. ಪ್ಲೇಟ್ ಮುಚ್ಚಿ, ಟೇಪ್ ಹಾಕಿ, ಮೇಡಂಗೋ ಸಾರ್‌ಗೋ ಹೇಳಿ.

ಕರಾವಳಿಯವರು ಇದನ್ನು ಗಮನವಿಟ್ಟು ಓದಿ. ಉಡುಪಿ, ದಕ್ಷಿಣ ಕನ್ನಡದಲ್ಲಿ ಮೆಲಿಯೊಯ್ಡೋಸಿಸ್ ಎಂಬ ಗಂಭೀರ ಸೋಂಕಿನ ರೋಗಿಗಳು ಸಿಗುತ್ತಾರೆ. ಅದನ್ನು ತರುವ ಬರ್ಖೋಲ್ಡೇರಿಯಾ ಸೂಡೊಮ್ಯಾಲಿಯೈ ಮಣ್ಣು ನೀರಿನಲ್ಲಿರುವ ಬ್ಯಾಕ್ಟೀರಿಯಾ. ಗ್ರಾಂ ನೆಗೆಟಿವ್ ಕಡ್ಡಿ, ಎರಡು ತುದಿಗೆ ಮಾತ್ರ ಬಣ್ಣ ಹಿಡಿದು ಸೇಫ್ಟಿ ಪಿನ್ ಹಾಗೆ ಕಾಣುವುದು, ಆಕ್ಸಿಡೇಸ್ ಪಾಸಿಟಿವ್, ಎರಡು ಮೂರು ದಿನಕ್ಕೆ ಒಣಗಿ ಸುಕ್ಕಾಗುವ ಕಾಲೊನಿ, ಪಾಲಿಮಿಕ್ಸಿನ್‌ಗೆ ಬಗ್ಗದಿರುವುದು. ಇದನ್ನು ‘ಯಾವುದೋ ಸೂಡೊಮೊನಾಸ್’ ಅಂತ ಬರೆದು ಬಿಡುವುದೇ ದೊಡ್ಡ ಅಪಾಯ.

ರಕ್ತ ಅಥವಾ ಹಸಿ ಹಾಲಿನ ಸ್ಯಾಂಪಲ್‌ನಿಂದ ಬಂದದ್ದು ಎರಡು ಮೂರು ದಿನಕ್ಕೆ ಬೆಳೆದು, ಮರಳು ಚೆಲ್ಲಿದಂಥ ಪುಟ್ಟ ಮಸುಕು ಗುಲಾಬಿ ಗುಂಡುಕಡ್ಡಿ ಕಂಡು, ಆಕ್ಸಿಡೇಸ್, ಯೂರಿಯಾ ಎರಡೂ ಪಾಸಿಟಿವ್ ಆದರೆ ಬ್ರುಸೆಲ್ಲಾ ಅನುಮಾನ. ಲ್ಯಾಬ್‌ನವರಿಗೇ ಅಂಟುವುದರಲ್ಲಿ ಇದು ಕುಖ್ಯಾತ. ಸತ್ತ ದನ, ಕುರಿಯ ಸ್ಯಾಂಪಲ್‌ನಲ್ಲಿ ಓಡಾಡದ, ರಕ್ತ ಕರಗಿಸದ, ಸ್ಪೋರ್ ಇರುವ ದಪ್ಪ ಕಡ್ಡಿ ಬಂದರೆ ಆಂಥ್ರಾಕ್ಸ್ ನೆನಪಾಗಲಿ.

## ಹಂತ 7: ರಿಸಲ್ಟ್ ಹೊಂದಿಸುವುದು

ಒಂದು ಉದಾಹರಣೆ ನೋಡಿ. ಗ್ರಾಂ ನೆಗೆಟಿವ್ ಕಡ್ಡಿ, ಆಕ್ಸಿಡೇಸ್ ನೆಗೆಟಿವ್, ಮ್ಯಾಕಾಂಕಿಯಲ್ಲಿ ಲೋಳೆ ಲೋಳೆ ಗುಲಾಬಿ, ಟಿಎಸ್‌ಐ ಎರಡೂ ಹಳದಿ, ಗ್ಯಾಸ್. ಇಂಡೋಲ್, ಮಿಥೈಲ್ ರೆಡ್ ನೆಗೆಟಿವ್. ವಿಪಿ, ಸಿಟ್ರೇಟ್ ಪಾಸಿಟಿವ್. ಇಷ್ಟು ಕಂಡ ಕೂಡಲೇ ‘ಕ್ಲೆಬ್‌ಸಿಯೆಲ್ಲಾ ನ್ಯುಮೊನಿಯೈ’ ಅಂತ ಬರೆಯುವವರೇ ಜಾಸ್ತಿ. ಎಂಟರೊಬ್ಯಾಕ್ಟರ್ ಕ್ಲೊಯಾಸಿ ಕೂಡ ಇದೇ ನಾಲ್ಕು ಉತ್ತರ ಕೊಡುತ್ತದೆ. ಅವೆರಡನ್ನು ಬಿಡಿಸುವುದು ಮೊಟಿಲಿಟಿ ಮತ್ತು ಆರ್ನಿಥಿನ್ (ಈ ಅಮಿನೊ ಆಮ್ಲವನ್ನು ಒಡೆಯುತ್ತದಾ ಅನ್ನುವ ಟೆಸ್ಟ್): ಕ್ಲೆಬ್‌ಸಿಯೆಲ್ಲಾ ನ್ಯುಮೊನಿಯೈಗೆ ಎರಡೂ ನೆಗೆಟಿವ್, ಎಂಟರೊಬ್ಯಾಕ್ಟರ್‌ಗೆ ಎರಡೂ ಪಾಸಿಟಿವ್. ಇ. ಕೋಲೈ ಆಗಿದ್ದರೆ ಇಮ್ವಿಕ್ ಪೂರಾ ಉಲ್ಟಾ ಬರುತ್ತಿತ್ತು.

ಟೇಬಲ್‌ನ ಪ್ಲಸ್ ಅಂದರೆ ಹೆಚ್ಚಿನ ತಳಿಗಳು ಅಂತ ಅರ್ಥ, ಎಲ್ಲವೂ ಅಂತಲ್ಲ. ಹತ್ತರಲ್ಲಿ ಒಂದು ಟೆಸ್ಟ್ ಹೊಂದದಿದ್ದರೆ ಅದೊಂದನ್ನು ಕಂಟ್ರೋಲ್ ಜೊತೆ ಮತ್ತೆ ಮಾಡಿ. ಮೂರು ಹೊಂದದಿದ್ದರೆ ಟೆಸ್ಟ್‌ಗಳನ್ನು ಬಿಟ್ಟು ಹಂತ 1ಕ್ಕೆ ಹೋಗಿ, ಕಲ್ಚರ್ ಬೆರಕೆ ಆಗಿರುತ್ತದೆ. ಬೇಕಾದ ಹೆಸರು ಮೊದಲು ಇಟ್ಟುಕೊಂಡು ರೀಡಿಂಗ್ ತಿದ್ದುವುದು ವೈವಾದಲ್ಲಿ ಮೊದಲ ಪ್ರಶ್ನೆಗೇ ಸಿಕ್ಕಿಬೀಳುತ್ತದೆ.

ಎಪಿಐ 20ಇ ಪಟ್ಟಿ (ಪುಟ್ಟ ಗುಂಡಿಗಳಿರುವ ರೆಡಿಮೇಡ್ ಟೆಸ್ಟ್) ಇದ್ದರೆ 20 ಟೆಸ್ಟ್ ಒಂದೇ ಸಲ ಆಗುತ್ತದೆ, ಆಕ್ಸಿಡೇಸ್ ಸೇರಿಸಿ ಏಳು ಅಂಕಿಯ ಕೋಡ್ ಬರುತ್ತದೆ. ಗುರುತು ಹಾಕಿದ ಗುಂಡಿಗಳಿಗೆ ಎಣ್ಣೆ ಹಾಕುವುದನ್ನು ಮರೆತರೆ ಕೋಡ್ ಬೇರೆಯದೇ ಬರುತ್ತದೆ.

## ಹಂತ 8: ಮಾಲ್ಡಿ-ಟಾಫ್ ಮತ್ತು 16ಎಸ್

ದೊಡ್ಡ ಆಸ್ಪತ್ರೆಯ ಲ್ಯಾಬ್‌ಗಳಲ್ಲಿ ಈಗ ಮಾಲ್ಡಿ-ಟಾಫ್ ಇದೆ. ಕಾಲೊನಿಯ ಪ್ರೋಟೀನ್‌ಗಳ ತೂಕದ ಗುರುತು ನೋಡಿ ಕೆಲವೇ ನಿಮಿಷದಲ್ಲಿ ಹೆಸರು ಕೊಡುತ್ತದೆ. ಬ್ರೂಕರ್ ಮಿಷನ್ ಆದರೆ ಸಾಮಾನ್ಯವಾಗಿ ಸ್ಕೋರ್ 2.0 ಅಥವಾ ಮೇಲಿದ್ದರೆ ಸ್ಪೀಶೀಸ್ (ಪ್ರಭೇದ), 1.7ರಿಂದ 1.99 ಇದ್ದರೆ ಜೀನಸ್ (ಕುಲ) ಮಾತ್ರ. ಇ. ಕೋಲೈ ಮತ್ತು ಶಿಗೆಲ್ಲಾವನ್ನು ಬಿಡಿಸುವುದು ಇದಕ್ಕೂ ಕಷ್ಟ.

16ಎಸ್ ಜೀನ್ (ರೈಬೋಸೋಮ್‌ನ ಒಂದು ಆರ್‌ಎನ್‌ಎಯ ಜೀನ್) ಸುಮಾರು 1,500 ಅಕ್ಷರ ಉದ್ದ. 27ಎಫ್, 1492ಆರ್ ಪ್ರೈಮರ್‌ಗಳಿಂದ ಪಿಸಿಆರ್ ಮಾಡಿ ಎರಡೂ ದಿಕ್ಕಿನಿಂದ ಓದಿಸಿ, ಒಂದೇ ಕಡೆಯಿಂದ ಓದಿದರೆ ಪೂರ್ತಿ ಸಿಗುವುದಿಲ್ಲ. ತುದಿಗಳ ಗಲೀಜು ಭಾಗ ಕತ್ತರಿಸಿ, ಎರಡನ್ನೂ ಜೋಡಿಸಿ, ಆಮೇಲೆ ಹುಡುಕಿ. ಬ್ಲಾಸ್ಟ್ ಎಂಬ ಆನ್‌ಲೈನ್ ಹುಡುಕಾಟದಲ್ಲಿ ಮೊದಲು ಬಂದ ಹೆಸರನ್ನು ನಕಲು ಮಾಡಬೇಡಿ, ಅಲ್ಲಿ ಯಾರು ಯಾವ ಹೆಸರು ಕೊಟ್ಟು ಹಾಕಿದ್ದಾರೋ ಅದೇ ಇರುತ್ತದೆ. ಟೈಪ್ ತಳಿಗಳ (ಆಯಾ ಸ್ಪೀಶೀಸ್‌ನ ಅಧಿಕೃತ ಮಾದರಿ) ಜೊತೆ ಮಾತ್ರ ಹೋಲಿಸಿ. 98.7%ಗಿಂತ ಕಡಿಮೆ ಹೋಲಿಕೆ ಇದ್ದರೆ ಹೊಸ ಸ್ಪೀಶೀಸ್ ಇರಬಹುದು. ಅದಕ್ಕಿಂತ ಜಾಸ್ತಿ ಇದ್ದ ಮಾತ್ರಕ್ಕೆ ಅದೇ ಸ್ಪೀಶೀಸ್ ಅಂತ ಹೇಳಲು ಬರುವುದಿಲ್ಲ. ಬ್ಯಾಸಿಲಸ್ ಸೀರಿಯಸ್ ಮತ್ತು ಅದರ ನೆಂಟರಿಗೆ 16ಎಸ್ ಬಹುತೇಕ ಒಂದೇ.

ವರ್ಗೀಕರಣ ಅನ್ನುವುದು ಶುರುವಾಗುವುದು ಇಲ್ಲಿಂದ. ಹೊಸ ಗೂಡು ಕಟ್ಟಬೇಕಾದರೆ ಪೂರ್ತಿ ಜೀನೋಮ್ ಓದಿಸಿ ಎಎನ್‌ಐ (ಎರಡು ಜೀನೋಮ್‌ಗಳ ಸರಾಸರಿ ಹೋಲಿಕೆ) ಲೆಕ್ಕ ಹಾಕುತ್ತಾರೆ. 95-96%ಗಿಂತ ಕೆಳಗಿದ್ದರೆ ಬೇರೆ ಸ್ಪೀಶೀಸ್. ಹೀಗೆ ಓದುತ್ತಾ ಹೋದಂತೆ ಹಳೆಯ ಗೂಡುಗಳೂ ಒಡೆಯುತ್ತವೆ. ಎಂಟರೊಬ್ಯಾಕ್ಟರ್ ಎರೋಜಿನಸ್ ಈಗ ಕ್ಲೆಬ್‌ಸಿಯೆಲ್ಲಾ ಎರೋಜಿನಸ್. 2020ರಲ್ಲಿ ಲ್ಯಾಕ್ಟೊಬ್ಯಾಸಿಲಸ್ ಒಡೆದು 25 ಜೀನಸ್ ಆಯಿತು, ನಮ್ಮ ಹಳೆಯ ಲ್ಯಾಕ್ಟೊಬ್ಯಾಸಿಲಸ್ ಪ್ಲಾಂಟಾರಮ್ ಈಗ ಲ್ಯಾಕ್ಟಿಪ್ಲಾಂಟಿಬ್ಯಾಸಿಲಸ್ ಪ್ಲಾಂಟಾರಮ್. ಸೀನಿಯರ್ ಕೊಟ್ಟ ನೋಟ್ಸ್‌ನಿಂದ ಹೆಸರು ಬರೆಯುವ ಮುಂಚೆ ಎಲ್‌ಪಿಎಸ್‌ಎನ್ (ಬ್ಯಾಕ್ಟೀರಿಯಾ ಹೆಸರುಗಳ ಪಟ್ಟಿ) ಸೈಟ್‌ನಲ್ಲಿ ಒಮ್ಮೆ ನೋಡಿ.

## ಹಂತ 9: ಬರೆಯುವುದು, ಉಳಿಸುವುದು, ಬಿಸಾಡುವುದು

ಇಂಗ್ಲಿಷ್‌ನಲ್ಲಿ ಜೀನಸ್‌ನ ಮೊದಲ ಅಕ್ಷರ ದೊಡ್ಡದು, ಸ್ಪೀಶೀಸ್ ಪೂರಾ ಸಣ್ಣ ಅಕ್ಷರ. ಟೈಪ್ ಮಾಡಿದರೆ ಓರೆ ಅಕ್ಷರ, ಕೈಯಲ್ಲಾದರೆ ಅಡಿಗೆರೆ. ಸ್ಪೀಶೀಸ್ ಖಾತ್ರಿ ಇಲ್ಲದಿದ್ದರೆ ‘ಸೂಡೊಮೊನಾಸ್ ಎಸ್‌ಪಿ.’ ಅಂತ ನಿಲ್ಲಿಸಿ. ಪರೀಕ್ಷಕರು ಅದಕ್ಕೆ ಮಾರ್ಕ್ಸ್ ಕಡಿಮೆ ಮಾಡಿದ್ದನ್ನು ನಾನು ಹೆಚ್ಚು ನೋಡಿಲ್ಲ, ತಪ್ಪು ಸ್ಪೀಶೀಸ್‌ಗೆ ಮಾಡಿದ್ದನ್ನು ಬೇಕಾದಷ್ಟು ನೋಡಿದ್ದೇನೆ.

ಶುದ್ಧ ಕಲ್ಚರ್ ಸಿಕ್ಕ ದಿನವೇ 20% ಗ್ಲಿಸರಾಲ್‌ನಲ್ಲಿ ಎರಡು ವೈಯಲ್ ಮಾಡಿ ಮೈನಸ್ 80ರಲ್ಲಿ ಇಡಿ. ಟೆಸ್ಟ್ ಎಲ್ಲ ಮುಗಿದ ಮೇಲೆ ಮಾಡೋಣ ಅಂದುಕೊಂಡರೆ ಅಷ್ಟರಲ್ಲಿ ಕಲ್ಚರ್ ಕೆಟ್ಟಿರುತ್ತದೆ. ಸಾದಾ ಸೆಲ್ಲೋಟೇಪ್ ಫ್ರೀಜರ್‌ನಲ್ಲಿ ಕಿತ್ತು ಬರುತ್ತದೆ. ವೈಯಲ್ ಮೇಲೇ ಮಾರ್ಕರ್‌ನಿಂದ ಬರೆಯಿರಿ.

ಬಳಸಿದ ಪ್ಲೇಟ್, ಟ್ಯೂಬ್‌ಗಳನ್ನು 121 ಡಿಗ್ರಿಯಲ್ಲಿ 30 ನಿಮಿಷ ಆಟೊಕ್ಲೇವ್ ಮಾಡಿದ ಮೇಲೆಯೇ ಹೊರಗೆ ಹಾಕಿ. ಮೀಡಿಯಾಕ್ಕೆ ಸಾಕಾಗುವ 15 ನಿಮಿಷ ತುಂಬಿದ ಡಿಸ್ಕಾರ್ಡ್ ಚೀಲಕ್ಕೆ ಸಾಲದು. ಟ್ಯೂಬ್‌ಗಳ ಮುಚ್ಚಳ ಸಡಿಲಿಸಿ, ಚೀಲದ ಬಾಯಿ ಬಿಗಿಯಾಗಿ ಕಟ್ಟಬೇಡಿ. ಆವಿ ಒಳಗೆ ಹೋಗದೆ ಇದ್ದರೆ ಆಟೊಕ್ಲೇವ್ ಟೇಪ್‌ನ ಗೆರೆ ಕಪ್ಪಾಗಿದ್ದರೂ ನಡುವಿನ ಪ್ಲೇಟ್‌ಗಳಲ್ಲಿ ಜೀವ ಇದ್ದೇ ಇರುತ್ತದೆ.